ರಾಮಚಂದ್ರ, ಎಸ್.

ಕನ್ನಡದ ಹೊಸ ಅಲೆಯ ಚಿತ್ರಗಳ ಪ್ರಮುಖ ಛಾಯಾಗ್ರಾಹಕ. ಬಿ. ವಿ. ಕಾರಂತರ 'ಚೋಮನ ದುಡಿ' (1975), ಗಿರೀಶ್ ಕಾಸರವಳ್ಳಿಯವರ 'ಘಟಶ್ರಾದ್ಧ' (1977) ಎರಡಕ್ಕೂ ಕ್ಯಾಮೆರಾ ಹಿಡಿದರು. ಎರಡೂ ಸ್ವರ್ಣಕಮಲ ಪಡೆದವು. 'ಘಟಶ್ರಾದ್ಧ'ದ ಕೊನೆಯಲ್ಲಿ ಊರು ಬಿಡುವ ಹುಡುಗ ನಾಣಿ ತಿರುಗಿ ನೋಡುತ್ತಾನೆ: ತಲೆ ಬೋಳಿಸಿದ ವಿಧವೆ ಯಮುನಕ್ಕ ಮರದಡಿ ಒಬ್ಬಳೇ ಕೂತಿದ್ದಾಳೆ. ಕಪ್ಪು-ಬಿಳುಪಿನ ಆ ನೋಟಕ್ಕೆ ಮಾತಿನ ಹಂಗೇ ಇಲ್ಲ. ಕಡಿಮೆ ದುಡ್ಡಿನ ಚಿತ್ರಗಳಲ್ಲೇ ಹೆಚ್ಚು ದುಡಿದರೂ ಮನೆಮನೆಗೆ ತಲುಪಿದ್ದು ಶಂಕರ್ ನಾಗ್ ಆಗುಂಬೆಯಲ್ಲಿ ಚಿತ್ರಿಸಿದ 'ಮಾಲ್ಗುಡಿ ಡೇಸ್' ಧಾರಾವಾಹಿಯಿಂದ. ಕಾಸರವಳ್ಳಿಯವರೊಡನೆ 'ಮನೆ', 'ನಾಯಿ ನೆರಳು', 'ಗುಲಾಬಿ ಟಾಕೀಸ್' (2008) ಮಾಡಿದರು. 2011ರಲ್ಲಿ ತೀರಿಕೊಂಡರು. ಜೀರ್ಣೋದ್ಧಾರಗೊಂಡ 'ಘಟಶ್ರಾದ್ಧ' 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನ ಕಂಡಿತು.