ಅವ್ವ ನೋಡಿದ ‘ಮೋಲ್ಕರೀಣ್’



ದೀಪಾ ಧನರಾಜ್ ಅಂದ್ರೆ ನಮ್ಮಲ್ಲಿ ಬಹಳ ಜನಕ್ಕೆ ನೆನಪಾಗೋದು ರೋಹಿತ್ ವೇಮುಲ ಸಾವಿನ ನಂತರದ ಹೋರಾಟದ ಸಾಕ್ಷ್ಯಚಿತ್ರ, ‘ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ’ (2018). ನಾನು ಇವತ್ತು ಬರೀತಿರೋದು ಅದಕ್ಕೂ 37 ವರ್ಷ ಹಿಂದಿನ ಒಂದು ಸಣ್ಣ ಚಿತ್ರದ ಬಗ್ಗೆ. ‘ಮೋಲ್ಕರೀಣ್’. ಮರಾಠಿಯಲ್ಲಿ ಮನೆಗೆಲಸದವಳು ಅಂತ ಅರ್ಥ.

ನಮ್ಮವ್ವ ಬಸವನಗುಡಿಯಲ್ಲಿ ಇಪ್ಪತ್ತು ವರ್ಷಕ್ಕೂ ಮೇಲೆ ಮನೆಗೆಲಸ ಮಾಡಿದಳು. ಪಕ್ಕದ ಸಂದಿಯಿಂದ ಹಿತ್ತಲಿಗೆ ಹೋಗೋಳು, ಅಲ್ಲಿಂದಲೇ ವಾಪಸ್ಸು. ಅವಳ ಕಾಫಿ ಲೋಟ ಕಿಟಕಿ ಕಟ್ಟೆ ಮೇಲಿರ್ತಿತ್ತು. ಒಂದು ಮನೆಯ ಅಡುಗೆಮನೆ ಹೇಗಿದೆ ಅಂತ ಇವತ್ತಿಗೂ ಅವಳಿಗೆ ಗೊತ್ತಿಲ್ಲ. ಅವಳು ಕೆಲಸ ಮಾಡ್ತಿರೋ ಒಂದು ಫೋಟೋನೂ ನಮ್ಮ ಹತ್ರ ಇಲ್ಲ.

ಹಳೇ ಬೆಂಗಳೂರಿನ ಚರಿತ್ರೆ ಬರೆಯೋರು 1898ರ ಪ್ಲೇಗ್ ಬಗ್ಗೆ ಬರೀತಾರೆ, ದೋಸೆ ಹೋಟೆಲ್ ಬಗ್ಗೆ ಬರೀತಾರೆ. ಮಲ್ಲೇಶ್ವರದ ಮನೆಗಳ ಹಿಂದಿರೋ ಕನ್ಸರ್ವೆನ್ಸಿ ಗಲ್ಲಿಗಳು ಯಾಕೆ ಬಂದ್ವು? ಮಲ ಹೊರೋರು ಹಿಂದಿನಿಂದ ಬಂದು ಹಿಂದಿನಿಂದಲೇ ಹೋಗಲಿ ಅಂತ. ಈಗ ಕೆಲವು ಗಲ್ಲಿಗಳ ಗೋಡೆಗೆ ಬಣ್ಣದ ಚಿತ್ರ ಬಿಡಿಸಿದ್ದಾರೆ. ಚೆನ್ನಾಗೇ ಇವೆ ಬಿಡಿ.

1980ರಲ್ಲಿ ದೀಪಾ, ಆಭಾ ಭೈಯಾ, ಮೀರಾ ರಾವ್, ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಸೇರಿ ‘ಯುಗಾಂತರ್’ ಅನ್ನೋ ತಂಡ ಕಟ್ಟಿದರು. ಆ ಹೊತ್ತಿಗೆ ಪುಣೆಯಲ್ಲಿ ಮನೆಗೆಲಸದ ಹೆಂಗಸರು ಕೆಲಸ ನಿಲ್ಲಿಸಿ ಬೀದಿಗಿಳಿದು ಸಂಘಟನೆ ಶುರು ಮಾಡಿದ್ದರು. ಅದೇ ಮೊದಲ ಚಿತ್ರದ ವಸ್ತು. ಆಮೇಲೆ ನಮ್ಮ ಬೆಳಗಾವಿ ಜಿಲ್ಲೆಯ ನಿಪ್ಪಾಣಿಗೆ ಬಂದರು. ಹೊಗೆಸೊಪ್ಪಿನ ಕಾರ್ಖಾನೆಗಳ ಸಾವಿರಾರು ಹೆಂಗಸರು ಯೂನಿಯನ್ ಕಟ್ಟಿದ್ದ ಊರದು. ತಂಡದವರು ತಿಂಗಳುಗಟ್ಟಲೆ ಅವರ ಜೊತೆ ಇದ್ದು, ಅವರ ಮಾತು ಕೇಳಿ, ಆ ಧೂಳಿನ ಒಳಗೇ ಕ್ಯಾಮೆರಾ ತಗೊಂಡು ಹೋದರು. 1982ರ ‘ತಂಬಾಕು ಚಾಕಿಲಾ ಊಬ್ ಆಲಿ’ ಹುಟ್ಟಿದ್ದು ಹಾಗೆ. ಇವರ್ಯಾರೂ ಪಾತ್ರೆ ತಿಕ್ಕಿ ಹೊಟ್ಟೆ ಹೊರೆದವರಲ್ಲ, ನನಗೂ ಗೊತ್ತು. ಆದರೆ ಕೆಲಸದ ಹೆಂಗಸರನ್ನ ಪಾಪದವರು ಅಂತ ತೋರಿಸಲಿಲ್ಲ. ಅವರ ಜಗಳ, ಲೆಕ್ಕಾಚಾರ, ಮೀಟಿಂಗ್ ಇವನ್ನೇ ಚರಿತ್ರೆ ಅಂದ್ಕೊಂಡು ಹಿಡಿದಿಟ್ಟರು. ಎಷ್ಟೋ ವರ್ಷ ಈ ಚಿತ್ರಗಳು ನೋಡೋಕೇ ಸಿಗ್ತಿರಲಿಲ್ಲ. ಬರ್ಲಿನ್ನಿನ ಆರ್ಸೆನಲ್ ಸಂಸ್ಥೆ ಡಿಜಿಟಲ್ ಮಾಡಿದ ಮೇಲೆ ಮತ್ತೆ ಓಡಾಡ್ತಿವೆ.

ಹೋದ ವಾರ ಆಫೀಸಿಂದ ಬಂದವನು ಅವ್ವನಿಗೆ ಫೋನಲ್ಲೇ ‘ಮೋಲ್ಕರೀಣ್’ ತೋರಿಸಿದೆ. ಅವಳಿಗೆ ಮರಾಠಿ ಬರಲ್ಲ. ಸುಮ್ಮನೆ ನೋಡಿದಳು. ಮುಗಿದ ಮೇಲೆ ಕೇಳಿದ್ದು ಒಂದೇ ಮಾತು: “ಇವರಿಗೆ ಕೂಲಿ ಜಾಸ್ತಿ ಆಯ್ತೇನೋ?”

ಕರ್ನಾಟಕದಲ್ಲೂ 2004ರಲ್ಲಿ ಮನೆಗೆಲಸಕ್ಕೆ ಸರ್ಕಾರ ಕನಿಷ್ಠ ಕೂಲಿ ನಿಗದಿ ಮಾಡ್ತು ಕಣವ್ವ, ಅಂದೆ. ಆಗಿನ್ನೂ ಅವಳು ಮೂರು ಮನೆಗೆ ಹೋಗ್ತಿದ್ದಳು.

“ನಂಗ್ಯಾರೂ ಹೇಳ್ಲೇ ಇಲ್ವಲ್ಲಪ್ಪ” ಅಂದಳು. ಗುಮಾಸ್ತನ ಕೆಲಸ ನನ್ನದು. ಸರ್ಕಾರಿ ಆದೇಶ ಓದೋಕೆ ಬರುತ್ತೆ. ನಾನೂ ಹೇಳಿರಲಿಲ್ಲ.

ಎರಡೂ ಚಿತ್ರ ನಮ್ಮ ಕೇರಿಯಲ್ಲಿ ಹಾಕಬೇಕು ಅಂತಿದ್ದೀನಿ. ಪ್ರೊಜೆಕ್ಟರ್ ಇರೋರು ಮೆಸೇಜ್ ಮಾಡಿ. ಪಕ್ಕದಲ್ಲಿ ನಿಂತು ಕನ್ನಡದಲ್ಲಿ ಹೇಳ್ತಾ ಹೋಗೋಕೆ ಮರಾಠಿ ಬಲ್ಲವರೊಬ್ಬರು ಬೇಕು.