ಸೂರ್ಯನ ಲೆಕ್ಕ ಬರೆದವರು ಯಾರು? ಈಜಿಪ್ಟಿನ ರಾ ಮತ್ತು ನಮ್ಮ ಬಿಸು

ಈಜಿಪ್ಟಿನ ಬಗ್ಗೆ ಮಾಡಿದ ಸಂಚಿಕೆ ಕೇಳಿ ಬಂಟ್ವಾಳದ ಕೇಳುಗರೊಬ್ಬರು ವಾಯ್ಸ್ ಮೆಸೇಜ್ ಕಳಿಸಿದ್ದರು. "ಅವರು ಸೂರ್ಯನನ್ನು ಅಷ್ಟು ಪೂಜೆ ಮಾಡಿದರಲ್ಲ, ನಮ್ಮ ತುಳುನಾಡಿನಲ್ಲಿ ಸೂರ್ಯನಿಗೆ ಜಾಗ ಎಲ್ಲುಂಟು ಮಾರಾಯ್ರೆ?" ಅಂತ ಪ್ರಶ್ನೆ.

ಸುಲಭದ ಉತ್ತರ ಉಂಟು, ನಾರಾವಿ. ಗುರುವಾಯನಕೆರೆಯಿಂದ ಕಾರ್ಕಳಕ್ಕೆ ಹೋಗುವ ದಾರಿಯಲ್ಲಿ, ಬೆಳ್ತಂಗಡಿ ತಾಲೂಕಿನಲ್ಲೇ ಇರುವ ಸೂರ್ಯನಾರಾಯಣ ದೇವಸ್ಥಾನ. ಮಂಗಳೂರಿನ ಮರೋಳಿಯಲ್ಲಿ ಇನ್ನೊಂದು. ಆದರೆ ಬೆರಳಲ್ಲಿ ಎಣಿಸಿದರೆ ಮುಗಿಯಿತು. ಉಜಿರೆ ಹತ್ತಿರ ಊರಿನ ಹೆಸರೇ ಸುರ್ಯ, ಮಣ್ಣಿನ ಹರಕೆಗೆ ಪ್ರಸಿದ್ಧ. ಮನೆ ಬೇಕೆಂದವರು ಮಣ್ಣಿನ ಮನೆ, ಮಗು ಬೇಕೆಂದವರು ಮಣ್ಣಿನ ಮಗು ಒಪ್ಪಿಸುವ ಕ್ಷೇತ್ರ. ಅಲ್ಲಿ ಇರುವ ದೇವರು ಸೂರ್ಯ ಅಲ್ಲ, ಸದಾಶಿವ ರುದ್ರ. ಸೊಪ್ಪು ಕಡಿಯಲು ಬಂದ ತಾಯಿಯ ಕತ್ತಿ ಕಲ್ಲಿಗೆ ತಾಗಿ ರಕ್ತ ಬಂತು, ಹೆದರಿ ಮಗನ ಹೆಸರು ಹಿಡಿದು "ಓ ಸುರಿಯಾ" ಅಂತ ಕೂಗಿದಳು, ಅದೇ ಊರಿನ ಹೆಸರಾಯಿತು ಅಂತ ಸ್ಥಳದ ಕಥೆ. ನಾನು ಸಣ್ಣವನಿದ್ದಾಗ ಅದು ಸೂರ್ಯ ದೇವರ ಊರು ಅಂತಲೇ ನಂಬಿದ್ದೆ!

ಹಾಗಾದರೆ ನಮ್ಮಲ್ಲಿ ಸೂರ್ಯ ಎಲ್ಲಿದ್ದಾನೆ? ಗುಡಿಯಲ್ಲಿ ಹುಡುಕಿದ್ದೇ ತಪ್ಪು ಅಂತ ನನಗೆ ಈಗ ಅನ್ನಿಸುತ್ತದೆ. ಅವನಿರುವುದು ಲೆಕ್ಕದಲ್ಲಿ. ನಾನು ಬಿಕಾಂ ಮಾಡಿದವನಲ್ವಾ, ನನ್ನ ಕಣ್ಣು ಹೋಗುವುದೂ ಅಲ್ಲಿಗೇ.

ಮೊದಲು ಈಜಿಪ್ಟ್. ಅಲ್ಲಿ ಸೂರ್ಯ ಒಬ್ಬನೇ, ಹೆಸರು ಹಲವು. ಬೆಳಿಗ್ಗೆ ಖೆಪ್ರಿ, ಮಧ್ಯಾಹ್ನ ರಾ, ಸಂಜೆ ಅತುಮ್. ಮುಳುಗಿದ ಮೇಲೆ ಕೆಲಸ ಮುಗಿಯುವುದಿಲ್ಲ. ರಾತ್ರಿಯ ಹನ್ನೆರಡು ಗಂಟೆ ದೋಣಿಯಲ್ಲಿ ಪಾತಾಳ ದಾಟಬೇಕು, ದಾರಿಯಲ್ಲಿ ಅಪೆಪ್ ಎಂಬ ಮಹಾಸರ್ಪ ಅಡ್ಡ ಮಲಗಿರುತ್ತದೆ. ಅದನ್ನು ಸೋಲಿಸಿದರೆ ಮಾತ್ರ ನಾಳೆ ಬೆಳಗಾಗುವುದು. ಸತ್ತವರೂ ಆ ದೋಣಿ ಹತ್ತಿದರೆ ಮತ್ತೆ ಹುಟ್ಟಬಹುದು ಎನ್ನುವುದು ಅವರ ದೊಡ್ಡ ಆಸೆ. ರಾಜನಂತೂ 'ರಾನ ಮಗ' ಅಂತಲೇ ಬಿರುದು ಹಾಕಿಕೊಳ್ಳುತ್ತಿದ್ದ. ಕ್ರಿ.ಪೂ. 14ನೇ ಶತಮಾನದಲ್ಲಿ ಅಖೆನಾತೆನ್ ಇನ್ನೂ ಮುಂದೆ ಹೋಗಿ, ಅತೆನ್ ಎಂಬ ಸೂರ್ಯಬಿಂಬ ಒಂದೇ ಸಾಕು, ಅಮುನ್ ದೇವರ ಪೂಜೆ ಬಂದ್ ಅಂದುಬಿಟ್ಟ. ಅವನು ಸತ್ತ ಕೆಲವೇ ವರ್ಷಗಳಲ್ಲಿ ಅದೂ ಬಂದ್ ಆಯಿತು. ತುತಾಂಖಾತೆನ್ ಎಂದಿದ್ದ ಹುಡುಗ ರಾಜ ತನ್ನ ಹೆಸರನ್ನೇ ತುತಾಂಖಾಮುನ್ ಅಂತ ಬದಲಿಸಿಕೊಂಡ.

ಇದನ್ನೆಲ್ಲ ನಾವು ಭಕ್ತಿಯ ಕಥೆಯಾಗಿ ಓದುತ್ತೇವೆ. ಆದರೆ ಬ್ರಿಟಿಷ್ ಮ್ಯೂಸಿಯಂನಲ್ಲಿ ಸುಮಾರು 40 ಮೀಟರ್ ಉದ್ದದ ಒಂದು ಪಪೈರಸ್ ಸುರುಳಿ ಉಂಟು, ಹ್ಯಾರಿಸ್ ಪಪೈರಸ್. ಮೂರನೇ ರಾಮ್ಸೆಸ್ ದೇವಸ್ಥಾನಗಳಿಗೆ ಏನೇನು ಕೊಟ್ಟ ಎನ್ನುವ ಪಟ್ಟಿ. ಥೀಬ್ಸ್‌ನ ಅಮುನ್-ರಾನ ಪಾಲಿಗೆ ಮಾತ್ರ 86 ಸಾವಿರಕ್ಕೂ ಹೆಚ್ಚು ಜನ, 4 ಲಕ್ಷಕ್ಕೂ ಹೆಚ್ಚು ಜಾನುವಾರು. ಜನ ಅಂದರೆ ಭಕ್ತರಲ್ಲ, ದೇವಸ್ಥಾನದ ಸೊತ್ತಿನಲ್ಲಿ ದುಡಿಯುವವರು. ಪೂರ್ತಿ ಬ್ಯಾಲೆನ್ಸ್ ಶೀಟ್.

ಅದೇ ರಾಮ್ಸೆಸ್ ಆಳ್ವಿಕೆಯ 29ನೇ ವರ್ಷದಲ್ಲಿ ಇನ್ನೊಂದು ಸಂಗತಿ ನಡೆಯಿತು. ರಾಜರ ಸಮಾಧಿ ಕೊರೆಯುತ್ತಿದ್ದ ದೇರ್ ಎಲ್-ಮದೀನಾದ ಕೆಲಸಗಾರರಿಗೆ ಕೂಲಿ ಸಿಗುತ್ತಿದ್ದದ್ದು ಧಾನ್ಯದಲ್ಲಿ, ಅದು ಬರಲಿಲ್ಲ. ಅವರು ಹತಾರ ಕೆಳಗಿಟ್ಟು ಹೋಗಿ ಒಂದು ದೇವಸ್ಥಾನದ ಹಿಂದೆ ಕುಳಿತುಬಿಟ್ಟರು. ಹಸಿವು, ಬಾಯಾರಿಕೆ, ಬಟ್ಟೆ ಇಲ್ಲ, ಎಣ್ಣೆ ಇಲ್ಲ ಎಂಬ ಅವರ ದೂರು ದಾಖಲೆಯಲ್ಲಿ ಉಳಿದಿದೆ. ಇತಿಹಾಸದಲ್ಲಿ ದಾಖಲಾದ ಮೊದಲ ಮುಷ್ಕರ ಅಂತ ಹೇಳುವುದು ಇದನ್ನೇ. ಸೂರ್ಯನ ಕಣಜ ತುಂಬಿತ್ತು, ಸೂರ್ಯನ ಮಗನಿಗೆ ಸಮಾಧಿ ಕೊರೆಯುವವನ ಮಡಕೆ ಖಾಲಿ ಇತ್ತು.

ಈಗ ಊರಿಗೆ ಬರುವ. ಈಜಿಪ್ಟಿನಲ್ಲಿ ಮಳೆ ಇಲ್ಲ, ಸೂರ್ಯ ತಪ್ಪುವುದೇ ಇಲ್ಲ. ಬಿಸಿಲಿನಲ್ಲೇ ನೈಲ್ ಉಕ್ಕುತ್ತಿತ್ತು. ನಮ್ಮ ನೇತ್ರಾವತಿ ಉಕ್ಕುವುದು ಸೂರ್ಯ ಮುಖ ತೋರಿಸದ ದಿನಗಳಲ್ಲಿ. 1923ರ ನೆರೆ, 1974ರ ನೆರೆ ಎರಡನ್ನೂ ಬಂಟ್ವಾಳ ಪೇಟೆಯ ಹಿರಿಯರು ಇವತ್ತಿಗೂ ಎತ್ತುತ್ತಾರೆ. ಆಟಿ ಅಮಾವಾಸ್ಯೆಗೆ ಪಾಲೆ ಮರದ ಕೆತ್ತೆ ತರುವುದು ಸಹ ಸೂರ್ಯ ಹುಟ್ಟುವ ಮೊದಲು, ಅದೂ ಕತ್ತಿ ತಾಗಿಸದೆ ಕಲ್ಲಿನಲ್ಲಿ ಜಜ್ಜಿ. ಕಾಣದಿದ್ದರೂ ಅವನ ತಿಂಗಳು ಮಾತ್ರ ನಡೆಯುತ್ತಲೇ ಇರುತ್ತದೆ. ಘಟ್ಟದ ಮೇಲಿನವರು ಚಂದ್ರನ ಲೆಕ್ಕದಲ್ಲಿ ಯುಗಾದಿ ಮಾಡಿದರೆ ನಮ್ಮದು ಸೌರಮಾನ. ಸೂರ್ಯ ರಾಶಿ ಬದಲಿಸಿದ ಸಂಕ್ರಮಣಕ್ಕೆ ತಿಂಗಳು ಬದಲು. ಪಗ್ಗು, ಬೇಶ, ಕಾರ್ತೆಲ್, ಆಟಿ, ಸೋಣ ಅಂತ ಹನ್ನೆರಡು. ಬೇಶ ಹತ್ತಕ್ಕೆ ಪತ್ತನಾಜೆ, ಆ ದಿನ ಯಕ್ಷಗಾನ ಮೇಳದ ಗೆಜ್ಜೆ ಬಿಚ್ಚುತ್ತದೆ, ಕೋಲಗಳೂ ನಿಲ್ಲುತ್ತವೆ. ದೈವಗಳೂ ಸೂರ್ಯನ ಕ್ಯಾಲೆಂಡರ್‌ನಲ್ಲೇ ರಜೆ ಹೋಗುವುದು.

ಮೂಡುಬಿದಿರೆಯಲ್ಲಿ ನೋಡಿ. 1430ರಲ್ಲಿ ಕಟ್ಟಿದ ಸಾವಿರ ಕಂಬದ ಬಸದಿಯಲ್ಲಿ ಇರುವುದು ಚಂದ್ರನಾಥ, ಲಾಂಛನ ಚಂದ್ರ. ಜೈನರ ಲೋಕವಿವರಣೆಯಲ್ಲಿ ಜಂಬೂದ್ವೀಪಕ್ಕೆ ಸೂರ್ಯ ಇಬ್ಬರು, ಮೋಕ್ಷ ಕೊಡುವವ ಇಬ್ಬರಲ್ಲಿ ಯಾರೂ ಅಲ್ಲ. ಆದರೂ ವ್ರತ ಹಿಡಿದ ಮನೆಯಲ್ಲಿ ಸಂಜೆ ಊಟ ಮುಗಿಯಬೇಕಾದ್ದು ಸೂರ್ಯ ಮುಳುಗುವ ಮೊದಲು. ದೇವರು ಅಲ್ಲದಿದ್ದರೂ ಗಡಿಯಾರ ಅವನೇ.

ಪಗ್ಗಿನ ಮೊದಲ ದಿನ ಬಿಸು. 'ವಿಷುವ' ಅಂದರೆ ಹಗಲು ರಾತ್ರಿ ಸಮ ಇರುವ ದಿನ. ಆದರೆ ಹಗಲು ರಾತ್ರಿ ಸಮ ಆಗುವುದು ಮಾರ್ಚ್ 20-21ಕ್ಕೆ, ನಾವು ಬಿಸು ಮಾಡುವುದು ಏಪ್ರಿಲ್ 14-15ಕ್ಕೆ. ನಮ್ಮ ಲೆಕ್ಕ ನಕ್ಷತ್ರ ಹಿಡಿದು ನಡೆಯುವುದರಿಂದ ಸುಮಾರು 72 ವರ್ಷಕ್ಕೆ ಒಂದು ದಿನದ ಹಾಗೆ ಹಿಂದೆ ಬಿದ್ದಿದೆ. ಈಜಿಪ್ಟಿನವರದ್ದು ಇನ್ನೂ ಕಷ್ಟ. ಸರಿಯಾಗಿ 365 ದಿನ, ಅಧಿಕ ದಿನ ಇಲ್ಲ, ನಾಲ್ಕು ವರ್ಷಕ್ಕೆ ಒಂದು ದಿನ ಜಾರುತ್ತಿತ್ತು.

ಇಷ್ಟು ಎಲ್ಲರೂ ಹೇಳುತ್ತಾರೆ. ಬಿಸುವಿನ ರೀಲ್ಸ್‌ಗಳಲ್ಲಿ ಕಾಣುವುದು ಕಣಿ ಮಾತ್ರ, ಅಂದರೆ ಬೆಳಿಗ್ಗೆ ಎದ್ದು ಮೊದಲು ನೋಡಲು ಇಟ್ಟ ಅಕ್ಕಿ, ತೆಂಗಿನಕಾಯಿ, ಸೌತೆಕಾಯಿ, ಕನ್ನಡಿ. ಚೆಂದ ಉಂಟು, ಇಲ್ಲ ಅಂತಲ್ಲ. ಆದರೆ ಗೇಣಿ ಒಕ್ಕಲುಗಳ ಮನೆಯಲ್ಲಿ ಬಿಸು ಅಂದರೆ ಇನ್ನೊಂದು ಕೆಲಸ ಇತ್ತು, ಬುಳೆಕಾಣಿಕೆ. ತಾನು ಬೆಳೆದದ್ದರಲ್ಲಿ ಒಳ್ಳೆಯದನ್ನು ಹೊತ್ತು ಧಣಿಗಳ ಮನೆಗೆ ಮುಟ್ಟಿಸಿ, ಅಡ್ಡಬಿದ್ದು ಬರುವುದು. ಗೇಣಿಯ ಮುಡಿ ಅಕ್ಕಿ ಬೇರೆ, ಇದು ಬೇರೆ. ಮೂಲಗೇಣಿಯವನಿಗೆ ಸ್ವಲ್ಪ ಧೈರ್ಯ. ಚಾಲಗೇಣಿಯವನನ್ನು ಮಾತ್ರ ಧಣಿ ಮನಸ್ಸು ಬಂದಾಗ ಎಬ್ಬಿಸಬಹುದಿತ್ತು. ನನ್ನ ಅಜ್ಜ ಚಾಲಗೇಣಿ. "ಬಿಸುವಿನ ಹಿಂದಿನ ರಾತ್ರಿ ನಿಮ್ಮ ಅಜ್ಜ ನಿದ್ರೆ ಮಾಡಿದ್ದು ನಾನು ನೋಡಿಲ್ಲ ಮಗಾ" ಅಂತ ಅಜ್ಜಿ ಹೇಳುತ್ತಿದ್ದರು. ಸೂರ್ಯ ಮೇಷಕ್ಕೆ ಬರುವುದು ಜ್ಯೋತಿಷ್ಯಕ್ಕೆ ಒಂದು ಅರ್ಥ, ಅಜ್ಜನಿಗೆ ಇನ್ನೊಂದು.

ತುಳುನಾಡಿನ ಧಣಿಗಳನ್ನು ಫೇರೋಗಳ ಸಾಲಿಗೆ ಸೇರಿಸುತ್ತಾನೆ ಅಂತ ಬೈಯಬೇಡಿ. ಅಳತೆ ಬೇರೆ, ಕಾಲ ಬೇರೆ, ಒಳ್ಳೆಯ ಧಣಿಗಳೂ ಇದ್ದರು. ನಾನು ಕೇಳುವುದು ಇಷ್ಟೇ. ಸೂರ್ಯನ ದಿನ ಯಾರು ಕೊಡುವವರು, ಯಾರು ತೆಗೆದುಕೊಳ್ಳುವವರು ಎನ್ನುವುದನ್ನು ಬಿಟ್ಟು ಸೂರ್ಯಾರಾಧನೆಯ ಇತಿಹಾಸ ಬರೆದರೆ ಅರ್ಧ ಪುಟ ಖಾಲಿ ಉಳಿಯುತ್ತದಲ್ವಾ?

ನಮ್ಮಲ್ಲಿ ಆ ಪುಟ ತಿರುಗಿದ್ದು ದೇವರ ಹೆಸರಿನಲ್ಲಲ್ಲ, ಕಾನೂನಿನಲ್ಲಿ. ದೇವರಾಜ ಅರಸು ಕಾಲದ ಭೂ ಸುಧಾರಣೆ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂತು. ಏಳನೇ ನಂಬರ್ ಫಾರಂ ತುಂಬಿಸಿ ಟ್ರಿಬ್ಯೂನಲ್‌ಗೆ ಕೊಡುವುದು, ನಮ್ಮ ಕಡೆ ಅದಕ್ಕೆ 'ಡಿಕ್ಲರೇಶನ್ ಕೊಡುವುದು' ಅಂತಲೇ ಹೆಸರು. ಅಜ್ಜ ಡಿಕ್ಲರೇಶನ್ ಕೊಡಲಿಕ್ಕೂ ಹೆದರಿದ್ದರಂತೆ. ಉಪ್ಪು ತಿಂದ ಮನೆಗೆ ಎದುರು ನಿಂತ ಹಾಗೆ ಆಗುತ್ತದೆ ಅಂತ. ಕೊನೆಗೆ ಬರೆದುಕೊಟ್ಟದ್ದು ಶಾಲೆಗೆ ಹೋಗುತ್ತಿದ್ದ ನನ್ನ ದೊಡ್ಡಪ್ಪ. ಭೂಮಿ ಆಯಿತು, ಒಂದು ಎಕರೆ ಚಿಲ್ಲರೆ.

ಆರ್ಡರ್ ಆದ ಮೇಲಿನ ಮೊದಲ ಬಿಸುವಿಗೂ ಅಜ್ಜ ಕತ್ತಲೆಗೇ ಎದ್ದು ಬಾಳೆಗೊನೆ ಕಡಿದು, ಸೌತೆಕಾಯಿ ಬುಟ್ಟಿಗೆ ತುಂಬಿ ಜಗಲಿಯಲ್ಲಿ ತಂದಿಟ್ಟರಂತೆ. ಇಟ್ಟು ಸುಮ್ಮನೆ ಕುಳಿತರಂತೆ. ಬಿಸಿಲು ಅಂಗಳಕ್ಕೆ ಇಳಿದ ಮೇಲೆ ಅಜ್ಜಿ ಬಂದು, "ಇದನ್ನು ಇನ್ನು ಎಲ್ಲಿಗೆ ಹೊರುವುದು?" ಅಂತ ಕೇಳಿ, ಬುಟ್ಟಿ ಎತ್ತಿ ಒಳಗೆ ಕಣಿಯ ಹತ್ತಿರ ಇಟ್ಟರು. ಮಧ್ಯಾಹ್ನ ಆ ಸೌತೆಕಾಯಿದೇ ಪದಾರ್ಥ.