ಬೊಜ್ಜದ ಮನೆ, ಬಿಚ್ಚಿದ ಮನೆ: ಪಿ.ಎನ್. ರಾಮಚಂದ್ರರ ಎರಡು ಚಿತ್ರಗಳು

ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಕಲಿತ ಪಿ.ಎನ್. ರಾಮಚಂದ್ರರ ಚಿತ್ರಬದುಕಿನ ಹೊರವಿವರಗಳಲ್ಲಿ ತಕರಾರಿಲ್ಲ. ತುಳುವಿನ ‘ಸುದ್ದ’ 2006ರ ಓಸಿಯಾನ್ ಸಿನೆಫ್ಯಾನ್ ಉತ್ಸವದಲ್ಲಿ ಅತ್ಯುತ್ತಮ ಭಾರತೀಯ ಚಿತ್ರವೆನಿಸಿತು. ಕನ್ನಡದ ‘ಪುಟಾಣಿ ಪಾರ್ಟಿ’ 2009ರ ಸಾಲಿನ ಅತ್ಯುತ್ತಮ ಮಕ್ಕಳ ಚಿತ್ರದ ರಾಷ್ಟ್ರಪ್ರಶಸ್ತಿಯನ್ನು ಮಲಯಾಳದ ‘ಕೇಶು’ವಿನೊಂದಿಗೆ ಹಂಚಿಕೊಂಡಿತು. 2011ರಲ್ಲಿ ‘ಮಿಯಾರ್ ಹೌಸ್’ ಸಾಕ್ಷ್ಯಚಿತ್ರ ಬಂತು.

ತಕರಾರು ಹುಟ್ಟುವುದು ‘ಸುದ್ದ’ವನ್ನು ಸಾಕ್ಷ್ಯಚಿತ್ರದ ಮಗ್ಗುಲಿಗೆ ತಳ್ಳುವಾಗ. ಡಿಜಿಟಲ್ ಕ್ಯಾಮೆರಾ, ಸಣ್ಣ ಬಂಡವಾಳ, ತಾರೆಯರಿಲ್ಲದ ತಂಡ: ಹಾಗಾಗಿ ಅದು ಕಥೆಯ ವೇಷ ತೊಟ್ಟ ದಾಖಲೆ ಎಂಬುದು ಸಲೀಸಾಗಿ ಕೇಳಿಬರುವ ಮಾತು. ನನಗೆ ಒಪ್ಪಿಗೆಯಿಲ್ಲ. ಚಿತ್ರದ ಬೇರು ಇರುವುದು ನಂದಳಿಕೆ ನಾರಾಯಣರ ನಾಟಕದಲ್ಲಿ. ಭೂಸುಧಾರಣೆಯಲ್ಲಿ ಗದ್ದೆ ಕಳೆದುಕೊಂಡ ಮನೆಯೊಂದು ಸಾವಿನ ಬಳಿಕದ ಬೊಜ್ಜವನ್ನು ಹಳೆಯ ಠೀವಿಯಲ್ಲೇ ನಡೆಸಲು ಹೆಣಗುವುದು ರಂಗದ ಮೇಲೆ ಪಳಗಿದ ವಸ್ತು. ಬಂಡವಾಳ ಸಣ್ಣದಾದ ಮಾತ್ರಕ್ಕೆ ಪ್ರಕಾರ ಬದಲಾಗುವುದಿಲ್ಲ. ಬದಲಾಗುವುದಾದರೆ ನಮ್ಮ ಅರ್ಧ ಸಿನೆಮಾ ಸಾಕ್ಷ್ಯಚಿತ್ರವೇ!

‘ಮಿಯಾರ್ ಹೌಸ್’ ಎದುರಿಟ್ಟಾಗ ವ್ಯತ್ಯಾಸ ಎದ್ದು ಕಾಣುತ್ತದೆ. ಕಾರ್ಕಳದ ಬಳಿಯ ಮಿಯಾರಿನ ಹಳೆಯ ಮನೆಯನ್ನು ಬಿಚ್ಚಿ, ಮಣಿಪಾಲದಲ್ಲಿ ವಿಜಯನಾಥ ಶೆಣೈ ಕಟ್ಟಿದ ಹಸ್ತಶಿಲ್ಪ ಪರಂಪರಾ ಗ್ರಾಮಕ್ಕೆ ಸಾಗಿಸಿದ ಕಥೆಯದು. ಬೊಜ್ಜದ ದೃಶ್ಯ ಸರಿಬಾರದಿದ್ದರೆ ಎಲೆ ಹಾಕಿ ಇನ್ನೊಮ್ಮೆ ತೆಗೆಯಬಹುದು. ಮಾಡಿನಿಂದ ಕೆಳಗಿಳಿದ ತೊಲೆಯನ್ನು ಕ್ಯಾಮೆರಾಕ್ಕಾಗಿ ಯಾರೂ ಮತ್ತೆ ಮೇಲೇರಿಸುವುದಿಲ್ಲ. ಎರಡರಲ್ಲೂ ಹಳೆಯ ಮನೆತನದ ಕುಸಿತವೇ ವಸ್ತು. ಒಂದರಲ್ಲಿ ನಿರ್ದೇಶಕ ಕಾಲವನ್ನು ಆಳುತ್ತಾನೆ, ಇನ್ನೊಂದರಲ್ಲಿ ಕಾಲದ ಹಿಂದೆ ಓಡುತ್ತಾನೆ. ರಾಮಚಂದ್ರರ ಪ್ರಕಾರಭೇದ ಬಹುಮಟ್ಟಿಗೆ ಇಲ್ಲಿದೆ ಎಂಬುದು ನನ್ನ ವಾದ. ‘ಬಹುಮಟ್ಟಿಗೆ’ ಎನ್ನಲು ಕಾರಣವಿದೆ: ಸಂಕಲನದ ಮೇಜಿನ ಮೇಲೆ ಸಾಕ್ಷ್ಯಚಿತ್ರದ ಕಾಲವೂ ನಿರ್ದೇಶಕನ ಕೈವಶವೇ. ಮೇಲಾಗಿ ‘ಪುಟಾಣಿ ಪಾರ್ಟಿ’ ಈ ಗೆರೆಯನ್ನು ಕಲಕುತ್ತದೆ. ಮಕ್ಕಳ ಪಂಚಾಯತಿ ಹಳ್ಳಿಯಲ್ಲಿ ನಿಜವಾಗಿ ನಡೆಯುವಂಥದ್ದು, ಅದನ್ನವರು ಕಥೆಯಾಗಿಸಿದರು. ಹೀಗಾಗಿ ‘ಸಾಕ್ಷ್ಯಚಿತ್ರ ಮೆಟ್ಟಿಲು, ಕಥಾಚಿತ್ರ ಅಟ್ಟ’ ಎಂಬ ಲೆಕ್ಕವೂ ಅವರಿಗೆ ಹೊಂದದು.

ಒಂದು ಪ್ರಶ್ನೆ ಉಳಿದಿದೆ. 1974ರ ಭೂಸುಧಾರಣೆಯ ಬಳಿಕ ಡಿಕ್ಲರೇಶನ್ (ಗೇಣಿ ಭೂಮಿಯ ಹಕ್ಕಿಗಾಗಿ ಅರ್ಜಿ) ಹಾಕಿ ಒಕ್ಕಲು ಒಡೆಯನಾದದ್ದು ದಕ್ಷಿಣ ಕನ್ನಡ ಜಿಲ್ಲೆಯುದ್ದಕ್ಕೂ ನಡೆದ ಸಂಗತಿ. ‘ಸುದ್ದ’ ಅದನ್ನು ಭೂಮಿ ಕಳೆದುಕೊಂಡವರ ಚಾವಡಿಯಿಂದ ನೋಡುತ್ತದೆ. ಭೂಮಿ ಪಡೆದವರ ಅಂಗಳದಿಂದ ಇದೇ ಕಥೆ ಹೇಗೆ ಕಂಡೀತು ಎಂಬುದನ್ನು ಈ ಎರಡು ಚಿತ್ರಗಳ ಆಧಾರದಿಂದ ಮಾತ್ರ ಹೇಳಲಾಗದು.